ಮುಳ್ಳು ಸರಿಸಿ ಬಂದವರು

ಬೇರೆ ಗ್ರಹದವರು ಭೂಮಿಗೆ ಬಂದಿಳಿಯುವ ಕಾದಂಬರಿಗಳನ್ನು ನಾನು ಕೊನೆಯ ಅಧ್ಯಾಯ ಬಿಟ್ಟು ಓದುತ್ತೇನೆ. ಇದು ಸೋಮಾರಿತನವಲ್ಲ. ಊಟದ ತಟ್ಟೆಯ ಪಕ್ಕದಲ್ಲಿಟ್ಟುಕೊಂಡು, ಪುಟದ ಮೇಲೆ ಸಾರು ಚೆಲ್ಲಿಕೊಂಡು ಓದುವಷ್ಟು ಹುಚ್ಚು ನನಗೆ ಅವುಗಳ ಮೇಲಿದೆ. ಆದರೆ ಕೊನೆಯ ಅಧ್ಯಾಯದ ತಲೆಬರಹ ಕಂಡ ಕೂಡಲೇ ಪುಸ್ತಕ ಮುಚ್ಚುತ್ತೇನೆ. ಮನೆಯಲ್ಲಿ ಇದನ್ನು ಒಂದು ಚಾಳಿ ಎಂದು ಬಿಟ್ಟಿದ್ದಾರೆ. ಕಾರಣ ಯಾರೂ ಕೇಳಿಲ್ಲ. ನೀವೂ ಕೇಳಿಲ್ಲ, ಆದರೂ ಹೇಳುತ್ತೇನೆ.

ಈ ಹುಚ್ಚು ಹಿಡಿಸಿದ್ದು ಬಳ್ಳಾರಿಯ ಬ್ರೂಸ್‌ಪೇಟೆ. ಬೆಲ್ಲದ ಮಂಡಿಗೂ ಪಾತ್ರೆ ಅಂಗಡಿಗೂ ನಡುವಿನ ಸಂದಿಯಲ್ಲಿ ನರಸಯ್ಯನವರ ಬಾಡಿಗೆ ಪುಸ್ತಕದಂಗಡಿ ಇತ್ತು. ಅವರು ಅರ್ಧ ಗಿರಾಕಿಗಳೊಡನೆ ತೆಲುಗಿನಲ್ಲಿ, ಇನ್ನರ್ಧ ಗಿರಾಕಿಗಳೊಡನೆ ಕನ್ನಡದಲ್ಲಿ ಜಗಳವಾಡುತ್ತಿದ್ದರು. ಅವರ ಪ್ರಕಾರ ಸಾಹಿತ್ಯದಲ್ಲಿ ಮೂರೇ ಬಗೆ: ಕೊಲೆಯವು, ಅಳುವವು, ಆಕಾಶದವು. ನಾನು ಆಕಾಶದ ಗಿರಾಕಿ. ಅಲ್ಲಿಂದ ತಂದ ಪುಸ್ತಕಗಳಿಗೆಲ್ಲ ಬೆಲ್ಲದ ವಾಸನೆ. ಇಂದಿಗೂ ಬೆಲ್ಲದ ಅಚ್ಚು ಒಡೆಯುವಾಗ ನನಗೆ ಹಾರುವ ತಟ್ಟೆಯ ನೆನಪಾಗುತ್ತದೆ.

ಅಷ್ಟು ಓದಿದ ಮೇಲೆ ಕೆಲವು ಸಂಗತಿಗಳು ತಾವಾಗಿಯೇ ತಿಳಿಯುತ್ತವೆ. ಅನ್ಯಲೋಕದವರು ಇಳಿಯುವುದು ದೊಡ್ಡ ಪಟ್ಟಣಗಳ ಹೊರಗೆ ಮಾತ್ರ. ಮೊದಲು ಅವರನ್ನು ಕಾಣುವವನು ಒಬ್ಬ ಪ್ರೊಫೆಸರ್. ಆತನಿಗೆ ಮದುವೆಯಾಗದ ಮಗಳೊಬ್ಬಳು ಇದ್ದೇ ಇರುತ್ತಾಳೆ. ಬಂದವರು ಅಚ್ಚುಕಟ್ಟಾದ ಗ್ರಾಂಥಿಕ ಕನ್ನಡದಲ್ಲಿ ಮಾತಾಡುತ್ತಾರೆ. ನಮ್ಮ ಸಿರುಗುಪ್ಪದ ಕಡೆ ಯಾರೂ ಇಳಿದದ್ದಿಲ್ಲ. ಏಪ್ರಿಲ್ ತಿಂಗಳ ಬಿಸಿಲನ್ನು ಮೇಲಿನಿಂದಲೇ ನೋಡಿ ಹಿಂದಿರುಗಿರಬಹುದು. ಒಂದು ವೇಳೆ ಇಳಿದಿದ್ದರೆ ಮೊದಲ ಪ್ರಶ್ನೆ ಏನಿರುತ್ತಿತ್ತೆಂದು ನನಗೆ ಗೊತ್ತು. 'ಯಾವೂರ್ರಿ?' ಎರಡನೆಯದು, 'ಊಟ ಆತೇನ್ರಿ?' ಮೂರನೆಯದು, ಸ್ವಲ್ಪ ಹೊತ್ತು ಬಿಟ್ಟು, ಬೇರೆಲ್ಲೋ ನೋಡುತ್ತ, 'ನಿಮ್ಮೋರು ಅಂದ್ರ ಯಾರ ಪೈಕಿರಿ?'

ನಮಗೆ ಹೊರಗಿನವರು ಹೊಸಬರಲ್ಲ. ಬ್ರೂಸ್‌ಪೇಟೆ ಎನ್ನುವಾಗ ಒಬ್ಬ ಪರದೇಶಿಯ ಹೆಸರನ್ನೇ ಹೇಳುತ್ತೇವೆ, ಅದೇ ಉಸಿರಿನಲ್ಲಿ ಅಲ್ಲಿಯ ಬದನೆಕಾಯಿಯ ಬೆಲೆಯನ್ನೂ ಹೇಳುತ್ತೇವೆ. ಬಂದೂಕು ಹಿಡಿದು ಬಂದವರ ಹೆಸರನ್ನು ಪೇಟೆಗೆ ಇಟ್ಟುಕೊಂಡವರು ನಾವು. ಬಂದೂಕಿಲ್ಲದೆ ಬಂದವರನ್ನು ಹೇಗೆ ಕಂಡೆವು ಎನ್ನುವುದೇ ಈ ಬರಹದ ವಿಷಯ. ಅದರಲ್ಲಿ ನಾನು ಕಂಡದ್ದನ್ನು ಕಂಡದ್ದೆಂದೂ ಕೇಳಿದ್ದನ್ನು ಕೇಳಿದ್ದೆಂದೂ ಬೇರೆಬೇರೆಯಾಗಿ ಹೇಳುತ್ತೇನೆ.

ಎಪ್ಪತ್ತರ ದಶಕದ ನಡುವಿನ ವರ್ಷಗಳು. ಸಿರುಗುಪ್ಪದ ಕಡೆಯ ಕರೂರಿನ ಆಚೆಯ ಒಂದು ಹಳ್ಳಿಯಲ್ಲಿ ನಾನು ಪ್ರಾಥಮಿಕ ಶಾಲೆಯ ಮೇಷ್ಟ್ರು. ಹಳ್ಳಿಯ ಹೆಸರು ಬೇಡ, ಅಲ್ಲಿಯವರು ಇನ್ನೂ ಇದ್ದಾರೆ. ಸುತ್ತ ಭತ್ತದ ಗದ್ದೆ, ಪಕ್ಕದಲ್ಲಿ ಕಾಲುವೆ, ಊರ ನಡುವೆ ಕುಡಿಯುವ ನೀರಿನ ಒಂದು ಸೇದುವ ಬಾವಿ. ಆ ಬೇಸಿಗೆಯಲ್ಲಿ ಊರಿಗೆ ವಾಂತಿಭೇದಿ ಬಂತು. ಈರಮ್ಮ ಎಂಬ ಕೂಲಿಯಾಕೆಯ ಗಂಡ ಬೆಳಿಗ್ಗೆ ಗದ್ದೆ ಕೆಲಸಕ್ಕೆ ಹೋದವನು ಮರುದಿನ ಇರಲಿಲ್ಲ. ಅವಳಿಗೆ ಉಳಿದದ್ದು ಗಂಗಿ ಎಂಬ ಒಬ್ಬಳೇ ಮಗಳು. ನನ್ನ ಎರಡನೆಯ ತರಗತಿಯವಳು. ಊರಿನ ಗೌಡರಾದ ಬಸನಗೌಡರು ಹಿರಿಯರನ್ನು ಕೂಡಿಸಿ ಹೊರಬೀಡು ಗೊತ್ತು ಮಾಡಿದರು.

ಹೊರಬೀಡು ಎಂದರೆ ಬೇನೆ ಬಂದಾಗ ಇಡೀ ಊರು ಒಂದು ಹಗಲು ಮನೆ ಬಿಟ್ಟು ಹೊರಗಿರುವುದು. ಸೂರ್ಯ ಹುಟ್ಟುವ ಮೊದಲು ಒಲೆ ಆರಿಸಿ, ಊರದೇವತೆ ಅಮ್ಮನನ್ನು ಹೊತ್ತುಕೊಂಡು, ದನಕರು ಕೋಳಿ ಸಮೇತ ಎಲ್ಲರೂ ತೋಪಿಗೆ ಹೋಗಬೇಕು. ಊರ ಬಾಯಿಗೆ ಜಾಲಿಮುಳ್ಳು ಎಳೆಯುತ್ತಾರೆ. ಬಾಗಿಲುಗಳಿಗೆ ಬೀಗವಿಲ್ಲ, ಕಾವಲಿಲ್ಲ. ಬೇನೆ ಮನೆಮನೆ ಹೊಕ್ಕು ಹುಡುಕುತ್ತದೆ, ಒಬ್ಬರೂ ಸಿಗದೆ ಬೇಸತ್ತು ಊರು ಬಿಡುತ್ತದೆ ಎಂಬುದು ನಂಬಿಕೆ. ಆ ಹೊತ್ತಿನಲ್ಲಿ ಒಳಗೆ ಯಾರಾದರೂ ಸಿಕ್ಕರೆ ಅವರ ಮೈಯಲ್ಲೇ ಅದು ಉಳಿದುಬಿಡುತ್ತದೆ.

ನಾನೂ ಹೋದೆ. ಹುಣಸೆಯ ತೋಪು. ಊರೆಲ್ಲ ಒಂದೇ ತೋಪಿನಲ್ಲಿದ್ದರೂ ಮರಗಳು ಬೇರೆ ಬೇರೆ. ಗೌಡರ ಓಣಿಗೆ ದೊಡ್ಡ ನೆರಳು. ಕೇರಿಯವರಿಗೆ ಅಂಚಿನಲ್ಲಿ, ಎಲೆ ಉದುರಿದ ಮರ. ಹಗಲು ಕಳೆಯಬೇಕಲ್ಲ, ನಾನು ನರಸಯ್ಯನವರ ಪುಸ್ತಕವೊಂದನ್ನು ಜೊತೆಗೆ ಒಯ್ದಿದ್ದೆ. ರಟ್ಟು ಹರಿದು ಹೆಸರೂ ಹೋಗಿದ್ದ ಪುಸ್ತಕ. ಒಳಗಿನ ಚಿತ್ರದಲ್ಲಿ ದೊಡ್ಡ ತಲೆಯ, ಹಸಿರು ಮೈಯ ಜೀವಿಯೊಂದು ನಿಂತಿತ್ತು.

"ಏನ್ ಓದಾಕತ್ತೀರಿ ಸಾರ್? ಪಂಚಾಂಗೇನು?" ಎಂದರು ಬಸನಗೌಡರು.

ಇಣುಕಿ ನೋಡಿದ ಯಾರೋ, "ಪಂಚಾಂಗಲ್ರಿ ಗೌಡ್ರ, ಸಾರು ತಮ್ಮ ಫೋಟೋ ನೋಡ್ಕೊಳ್ಳಾಕತ್ಯಾರ," ಎಂದ. ಆಗ ನನಗೂ ತಲೆ ಸ್ವಲ್ಪ ದೊಡ್ಡದೇ ಇತ್ತು. ತೋಪು ನಕ್ಕಿತು. ಬೇನೆಯ ದಿನಗಳಲ್ಲಿ ಊರು ನಕ್ಕದ್ದು ಅದೇ ಮೊದಲೆಂದು ಕಾಣುತ್ತದೆ. ಆ ಉಮೇದಿನಲ್ಲಿ ಕಥೆ ಹೇಳತೊಡಗಿದೆ.

ಕಥೆ ಇಷ್ಟು: ಬೇರೆ ನಕ್ಷತ್ರದಿಂದ ಒಂದು ಜೀವಿ ಒಂಟಿಯಾಗಿ ಬಂದು ಇಳಿಯುತ್ತದೆ. ಭೂಮಿಗೆ ದೊಡ್ಡ ಗಂಡಾಂತರವೊಂದು ಬರುವುದಿದೆ, ಅದನ್ನು ತಿಳಿಸಲೆಂದೇ ಬಂದಿದೆ. ಅದರ ಮಾತು ಯಾರಿಗೂ ತಿಳಿಯುವುದಿಲ್ಲ. ಸೈನಿಕರು ಸುತ್ತುವರಿದು ಗುಂಡು ಹಾರಿಸುತ್ತಾರೆ. ಗಾಯಗೊಂಡ ಜೀವಿ ಬೆಟ್ಟದ ಗವಿಯಲ್ಲಿ ಅಡಗುತ್ತದೆ. ಜನ ಮೆಲ್ಲಗೆ ಹತ್ತಿರ ಸರಿದು ಕೂತರು. ಅಂಚಿನ ಮರದವರೂ ಕೇಳಿಸುವಷ್ಟು ದೂರಕ್ಕೆ ಬಂದರು. ಗುಂಡು ತಗಲಿದ ಮಾತು ಬಂದಾಗ ಈರಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಪಾಪ, ಅದಕೂ ಒಬ್ಬಾಕಿ ತಾಯಿ ಇರ್ತಾಳಲ್ರಿ ಸಾರ್. ಅಷ್ಟು ದೂರದಿಂದ ಬಂದೈತಿ," ಎಂದಳು.

ಬಸನಗೌಡರು ನ್ಯಾಯ ಹೇಳಿದರು: "ಮಾತಾಡಿಸಿ ನೋಡಬೇಕಿತ್ತು. ಒಂದು ತಂಬಿಗಿ ನೀರು ಕೊಟ್ಟು, ಕುಂದರ್ಸಿ, ಏನು ಎತ್ತ ಅಂತ ಕೇಳಬೇಕಿತ್ತು. ಸಿಪಾಯಿಗೋಳು ಬುದ್ಧಿಗೇಡಿಗೋಳು."

ಎಲ್ಲರೂ ಹೌದೆಂದರು. ಕೊನೆಯ ಅಧ್ಯಾಯವನ್ನು ನಾನಿನ್ನೂ ಓದಿರಲಿಲ್ಲ. ನಾಳೆ ಓದಿ ಹೇಳುತ್ತೇನೆಂದೆ. ಅಷ್ಟರಲ್ಲಿ ಹೊತ್ತು ಇಳಿದಿತ್ತು. ಅಮ್ಮನನ್ನು ಎತ್ತಿಕೊಂಡು ಊರ ಕಡೆ ನಡೆದೆವು.

ಮುಳ್ಳು ಎಳೆದ ಹಾಗೆಯೇ ಇತ್ತು. ಆದರೆ ಶಾಲೆಯ ಮೆಟ್ಟಿಲ ಮೇಲೆ ಒಬ್ಬ ಹೆಂಗಸು ಕುಳಿತಿದ್ದಳು. ಬಿಳಿ ಸೀರೆ, ಪಕ್ಕದಲ್ಲಿ ಕೊಡೆ, ಒಂದು ತಗಡಿನ ಡಬ್ಬಿ. ನಮ್ಮನ್ನು ಕಂಡು ಎದ್ದು ನಿಂತು ಕೈಮುಗಿದಳು. ಕುರುಗೋಡಿನವಳು, ಹೆಸರು ಸುಮಿತ್ರಮ್ಮ. ಸಿರುಗುಪ್ಪದ ಕಡೆಗೆ ಹೊಸದಾಗಿ ಬಂದಿದ್ದ ನರ್ಸಮ್ಮ. ಬೇನೆಯ ಸುದ್ದಿ ತಿಳಿದು ಬಾವಿಗೆ ಔಷಧ ಹಾಕಲು ಮಧ್ಯಾಹ್ನದ ಬಸ್ಸಿಗೆ ಬಂದಿದ್ದಳು. ಹೊರಬೀಡೆಂದು ಅವಳಿಗೆ ಹೇಳಿದವರಿಲ್ಲ. ಊರು ಖಾಲಿ. ಬಾಗಿಲುಗಳೆಲ್ಲ ತೆರೆದಿವೆ. ಕೂಗಿದಳಂತೆ, ಯಾರೂ ಓಗೊಡಲಿಲ್ಲವಂತೆ. ಬಾವಿಗೆ ಪುಡಿ ಹಾಕಿ, ಸಂಜೆಯ ಬಸ್ಸಿಗಾಗಿ ಕಾದು ಕುಳಿತಿದ್ದಳು.

"ಮುಳ್ಳು ಎಳೆದಿತ್ತಲ್ಲವ್ವಾ, ಹೆಂಗ ಬಂದಿ?" ಎಂದು ಕೇಳಿದರು ಗೌಡರು.

"ಮೆಲ್ಲಕ ಸರಿಸಿ ಬಂದೀನ್ರಿ. ದನ ಗಿನ ನುಗ್ಗೀತು ಅಂತ ಮತ್ತ ಮೊದ್ಲಿದ್ದಂಗ ಎಳೆದಿಟ್ಟೀನಿ," ಎಂದಳು ಅವಳು. ತಪ್ಪಿಲ್ಲದಂತೆ ಕೆಲಸ ಮಾಡಿದ್ದೇನೆ ಎಂಬ ಸಮಾಧಾನ ಆ ದನಿಯಲ್ಲಿತ್ತು.

ಅಷ್ಟರಲ್ಲಿ ಬಾವಿಯ ಕಡೆಯಿಂದ ಕೂಗು ಕೇಳಿತು. ನೀರಿಗೆ ಘಾಟು ವಾಸನೆ. ಬಳ್ಳಾರಿಯ ನಲ್ಲಿ ನೀರು ಕುಡಿದವರಿಗೆ ಆ ವಾಸನೆ ಗೊತ್ತು. ಊರಲ್ಲಿ ಅದನ್ನು ಕುಡಿದವರು ಕಡಿಮೆ. ಜನ ಕಟ್ಟೆಯ ಸುತ್ತ ಸೇರಿದರು. ಸುಮಿತ್ರಮ್ಮನೂ ಅಲ್ಲಿಗೆ ಬಂದಳು. ಬಾ ಎಂದು ಯಾರೂ ಕರೆದಿರಲಿಲ್ಲ.

"ನೀ ಯಾರ ಪೈಕಿ?" ಎಂದಿತು ಒಂದು ದನಿ.

"ನಾ ಸರ್ಕಾರದಾಕಿರಿ. ಇದು ಔಷಧ. ಬೇನಿ ಹುಳ ಸಾಯ್ತಾವ."

"ಸರ್ಕಾರದ್ದು ಯಾವ ಜಾತಿ ಬೇ?"

ಕೆಲವರು ನಕ್ಕರು. ತೋಪಿನಲ್ಲಿ ಕೇಳಿದ ನಗೆಯಲ್ಲ ಇದು. ಅವಳು ಕೊಡವೊಂದನ್ನು ಬಾವಿಗೆ ಇಳಿಸಿ ತಾನೇ ಸೇದಿ, ಬೊಗಸೆಯಲ್ಲಿ ಹಿಡಿದು ಎಲ್ಲರೆದುರು ಕುಡಿದಳು. ಆ ಕ್ಷಣ ಎಲ್ಲ ಸರಿಹೋಯಿತೆಂದುಕೊಂಡೆ. ನಾನು ಓದಿದ ಪುಸ್ತಕಗಳಲ್ಲಿ ಹೀಗಾದಾಗ ಸರಿಹೋಗುತ್ತದೆ.

"ವಿಷ ಹಾಕಿದಾಕಿಗಿ ಇಳಿಸೋ ಔಷಧಾನೂ ಗೊತ್ತಿರತೈತಿ ಬಿಡ್ರಿ," ಎಂದಳು ಈರಮ್ಮ.

ಇದೇ ಈರಮ್ಮ. ಅವಳನ್ನು ದೂರುವ ಮನಸ್ಸು ನನಗಿಲ್ಲ. ಗಂಡನನ್ನು ಕಳೆದುಕೊಂಡವಳು, ಮಗಳ ಕೈಯನ್ನು ಗಟ್ಟಿಯಾಗಿ ಹಿಡಿದು ನಿಂತಿದ್ದಳು. ಅದು ಔಷಧವೇ, ಪಟ್ಟಣದ ನೀರೆಲ್ಲ ಹೀಗೇ ಇರುತ್ತದೆ ಎಂದು ನಾನು ಹೇಳಿದೆ, ಎರಡು ಸಲ ಹೇಳಿದೆ. "ನಿಮ್ಮ ಬುಕ್ಕಿನ್ಯಾಗ ಇರತೈತಿ ಸಾರ್, ನಮ್ಮ ಬಾವ್ಯಾಗಲ್ಲ," ಎಂದರು. ಹಸಿರು ಮನುಷ್ಯನ ಚಿತ್ರವಿದ್ದ ಪುಸ್ತಕ ಆಗಲೂ ನನ್ನ ಕಂಕುಳಲ್ಲೇ ಇತ್ತು. ಅಂಥ ಸಾಕ್ಷಿಯ ಮಾತನ್ನು ನಾನಾಗಿದ್ದರೂ ನಂಬುತ್ತಿರಲಿಲ್ಲವೇನೋ.

ಬಾವಿ ಬರಿದು ಮಾಡಬೇಕೆಂದು ಗೌಡರು ಹೇಳಿದರು. ಅವರ ಡೀಸೆಲ್ ಎಂಜಿನ್ ಗದ್ದೆಯಲ್ಲಿತ್ತು; ಅದನ್ನು ತರುವವರೆಗೆ ಕಾಯುವ ಸಹನೆ ಯಾರಿಗೂ ಇರಲಿಲ್ಲ. ಹಗ್ಗ, ಕೊಡ, ಬಕೀಟು ಬಂದವು. ಕೈಗಳು ಸಾಲಲಿಲ್ಲ. ಆಗ ಗೌಡರು ತಿರುಗಿ ಕೇರಿಯವರತ್ತ ನೋಡಿ, "ಏನ್ ನೋಡ್ತೀರಿ ಲೇ, ಬರ್ರಿ, ಹಗ್ಗಕ್ಕ ಕೈ ಹಚ್ಚರಿ!" ಎಂದು ಕೂಗಿದರು.

ಇದನ್ನು ಅರ್ಥ ಮಾಡಿಕೊಳ್ಳಲು ಒಂದು ವಿಷಯ ಗೊತ್ತಿರಬೇಕು. ಕೇರಿಯವರು ಆ ಕಟ್ಟೆಯನ್ನು ಮುಟ್ಟುವಂತಿರಲಿಲ್ಲ. ಅವರ ಬಿಂದಿಗೆಗಳು ದೂರದಲ್ಲಿ ಸಾಲಾಗಿ ಕಾಯುತ್ತಿದ್ದವು, ಮೇಲಿನವರಲ್ಲಿ ಯಾರಿಗಾದರೂ ಸೇದಿ ಹೊಯ್ಯುವ ಮನಸ್ಸಾಗುವ ತನಕ. ಆ ಸಂಜೆ ಅವರು ಬಂದರು. ಮೊದಲು ಹಿಂಜರಿದರು, ಆಮೇಲೆ ಕಟ್ಟೆ ಹತ್ತಿದರು. ಗೌಡರ ಮಗ ಹಿಡಿದ ಹಗ್ಗವನ್ನೇ ಕೇರಿಯ ದುರುಗಪ್ಪ ಹಿಡಿದ. ಬಣಜಿಗರ ಓಣಿ, ಕುರುಬರ ಓಣಿ, ತುರುಕರ ಮನೆಗಳು, ನಮ್ಮ ಜನಿವಾರದ ಶ್ಯಾನುಭೋಗರು, ಎಲ್ಲರ ಬೆವರು ಒಂದೇ ಹಗ್ಗಕ್ಕೆ ಇಳಿಯಿತು. 'ಹೈ ಅಂದ್ರ ಹೈ' ಎಂದು ಒಂದೇ ದನಿಯಲ್ಲಿ ಎಳೆದರು. ಅಂಥ ಒಗ್ಗಟ್ಟನ್ನು ನಾನು ಅದಕ್ಕಿಂತ ಮೊದಲು ಕಂಡಿರಲಿಲ್ಲ, ಆಮೇಲೂ ಕಂಡಿಲ್ಲ. ನೋಡಲು ಬಹಳ ಚೆನ್ನಾಗಿತ್ತು. ಊರಿನಲ್ಲಿ ಇದ್ದ ಶುದ್ಧವಾದ ನೀರೆಲ್ಲ ಕತ್ತಲಾಗುವ ಮೊದಲೇ ಮಣ್ಣು ಸೇರಿತು.

ಸುಮಿತ್ರಮ್ಮನನ್ನು ಯಾರೂ ಹೊಡೆಯಲಿಲ್ಲ. ಬಸ್ಸು ನಿಲ್ಲುವ ಕಾಲುವೆ ಸೇತುವೆಯವರೆಗೆ ಅವಳ ಹಿಂದೆ ಒಂದಷ್ಟು ಜನ ನಡೆದರು, ಅಷ್ಟೆ. ನಾನೂ ಜೊತೆಗಿದ್ದೆ. ಅವಳ ಡಬ್ಬಿಯನ್ನು ಅದಾಗಲೇ ಯಾರೋ ತಿಪ್ಪೆಯಲ್ಲಿ ಹೂತಿದ್ದರು. ಬಸ್ಸು ಹತ್ತುವ ಮೊದಲು ಅವಳು ಅಳಲಿಲ್ಲ, ಬೈಯಲಿಲ್ಲ. ನನ್ನ ಕಡೆ ತಿರುಗಿ, "ಸಾರ್, ಬಾವಿಗಿ ಹೊಸಾ ನೀರು ಬಂದ ಮ್ಯಾಲೆ ಇನ್ನೊಮ್ಮಿ ಹಾಕಬೇಕಾಗತೈತ್ರಿ. ಯಾರಿಗಿ ಹೇಳಿ ಹೋಗ್ಲಿ?" ಎಂದಳು.

ಹಿಂದೆ ನಿಂತವರತ್ತ ನೋಡಿದೆ. ಎಲ್ಲರೂ ಕಾಲುವೆ ನೋಡುತ್ತಿದ್ದರು.

ಬಾವಿಯಲ್ಲಿ ನೀರು ಊರಲು ಹೊತ್ತು ಹಿಡಿಯಿತು. ಊರಿದ ಮೇಲೂ ಅದನ್ನು ಮುಟ್ಟುವ ಧೈರ್ಯ ಬರಲಿಲ್ಲ. ಜನ ಕಾಲುವೆಯ ನೀರು ತಂದು ಕುಡಿದರು. ದನ ಮೀಯುವುದೂ ಬಟ್ಟೆ ಒಗೆಯುವುದೂ ಬೇನೆಯವರ ಹಾಸಿಗೆ ತೊಳೆಯುವುದೂ ಅದೇ ನೀರಿನಲ್ಲಿ. ಮುಂದಿನ ವಾರ ಗಂಗಿ ಹೋದಳು. ಕಾಲುವೆಯ ನೀರಿನಿಂದಲೇ ಹೋದಳು ಎಂದು ನಾನು ಹೇಳಲಾರೆ, ಪರೀಕ್ಷೆ ಮಾಡಿದವರಿಲ್ಲ. ಕಾಲುವೆಯ ನೀರು ಕುಡಿದಳು, ಹೋದಳು. ಇಷ್ಟನ್ನು ಕಂಡಿದ್ದೇನೆ. ನರ್ಸಮ್ಮ ಒಳಗೆ ಬಂದದ್ದರಿಂದ ಬೇನೆ ಊರು ಬಿಡಲಿಲ್ಲ ಎಂದು ಊರು ತೀರ್ಮಾನಿಸಿತು. ಬಾವಿಯ ನೀರು ಮತ್ತೆ ಬಳಕೆಗೆ ಬಂದಾಗ ಕೇರಿಯ ಬಿಂದಿಗೆಗಳು ಹಳೆಯ ಜಾಗದಲ್ಲಿ, ಹಳೆಯ ಸಾಲಿನಲ್ಲಿ ಕಾದಿದ್ದವು. ಹೀಗೇ ಇರಲಿ ಎಂದು ಯಾರೂ ಹೇಳಬೇಕಾಗಲಿಲ್ಲ.

ರಜೆಯಲ್ಲಿ ಬಳ್ಳಾರಿಗೆ ಹೋದಾಗ ಪುಸ್ತಕ ಹಿಂದಿರುಗಿಸಿದೆ. ನಾನು ಮಡಿಸಿಟ್ಟಿದ್ದ ಪುಟದ ಮೂಲೆಯನ್ನು ನರಸಯ್ಯ ಬೆರಳಿನಿಂದ ತೀಡಿ ಸರಿಮಾಡುತ್ತ, "ಅಯ್ಯೋ, ಕಡೀ ಅಧ್ಯಾಯ ಓದೇ ಇಲ್ಲಲ್ರಿ ಮೇಷ್ಟ್ರ! ಅದ್ರಾಗೇ ಐತ್ರಿ ಮಜಾ. ಜಾತಿ ದೇಶ ಎಲ್ಲಾ ಮರ್ತು ಮನುಷ್ಯಾರೆಲ್ಲಾ ಒಂದಾಗ್ತಾರ. ಮೈ ಜುಂ ಅಂತೈತಿ," ಎಂದರು.

"ಅದನ್ನ ನೋಡೀನ್ರಿ," ಎಂದೆ.

ಅವರಿಗೆ ಅರ್ಥವಾಗಲಿಲ್ಲ. ಸಿನಿಮಾ ಬಂದಿದೆಯೇ, ಯಾವ ಟಾಕೀಸಿನಲ್ಲಿ ಎಂದು ಕೇಳಿದರು.

ಅಂದಿನಿಂದ ಈ ಚಾಳಿ. ಇಂಥ ಪುಸ್ತಕಗಳು ಎಷ್ಟೇ ಬೇರೆಯಾಗಿದ್ದರೂ ಕೊನೆಯ ಅಧ್ಯಾಯ ಹೆಚ್ಚುಕಡಿಮೆ ಒಂದೇ: ಹೊರಗಿನವರು ಬರುತ್ತಾರೆ, ಒಳಗಿನವರು ಒಂದಾಗುತ್ತಾರೆ, ಮನುಕುಲ ಉಳಿಯುತ್ತದೆ. ಬರೆದವರು ಸುಳ್ಳು ಬರೆದಿದ್ದಾರೆ ಎಂದು ನಾನು ಹೇಳುವುದಿಲ್ಲ. ಒಂದಾಗುವುದು ನಿಜ. ಆ ಹಗ್ಗದ ತುದಿಯಲ್ಲಿದ್ದದ್ದು ಏನು ಎಂದು ಬರೆಯುವುದನ್ನು ಅವರು ಮರೆಯುತ್ತಾರೆ.

ನನಗೆ ಬೇರೆ ಊರಿಗೆ ವರ್ಗವಾಯಿತು. ಹೊರಡುವ ದಿನ ಈರಮ್ಮ ಶಾಲೆಯ ಬಾಗಿಲಿಗೆ ಬಂದಳು. ಗೋಡೆಗೆ ಒರಗಿ ನಿಂತಳು. ಆಮೇಲೆ ಕೇಳಿದಳು: "ಸಾರ್, ತೋಪಿನ್ಯಾಗ ಒಂದು ಕತಿ ಹೇಳಿದ್ರಲ್ಲ. ನಮ್ಮ ಗಂಗಿ ಭಾಳ ಕೇಳ್ತಿದ್ಲು. ಕಡೀಗಿ ಅದು ಏನಾತ್ರಿ? ಆ ಮುಗಿಲಾಗಿನ ಚಿಕ್ಕಿಯಿಂದ ಬಂದದ್ದು?"

"ವಾಪಸ್ ಹೋತವ್ವಾ."

"ಬದುಕಿ ಹೋತಲ್ರಿ?"

"ಹೂಂ, ಬದುಕಿ ಹೋತು."

"ಮತ್ತ ಬರತೈತೇನ್ರಿ?" ಎಂದಳು.

ಈ ಆಕಾಶದಲ್ಲಿ ಅಷ್ಟೊಂದು ಲೋಕಗಳಿದ್ದರೂ ಒಬ್ಬರೂ ನಮ್ಮನ್ನು ನೋಡಲು ಯಾಕೆ ಬಂದಿಲ್ಲ ಎಂದು ತಿಳಿದವರು ಈಗಲೂ ತಲೆ ಕೆಡಿಸಿಕೊಳ್ಳುತ್ತಾರಂತೆ. ನನಗೆ ಅನ್ನಿಸುವುದು ಇಷ್ಟೆ. ಬಂದಿರಬಹುದು. ಬಾಗಿಲುಗಳೆಲ್ಲ ತೆರೆದಿದ್ದು, ಎಷ್ಟು ಕೂಗಿದರೂ ಒಳಗೆ ಓಗೊಡುವವರಿಲ್ಲದ್ದನ್ನು ಕಂಡು, ಸರಿಸಿದ್ದ ಮುಳ್ಳನ್ನು ಮೊದಲಿದ್ದ ಹಾಗೆಯೇ ಎಳೆದಿಟ್ಟು ಹೋಗಿರಬಹುದು.