ಟೂ ಎಬಿ ಯಾರ ಜಾಗ?

ಮಾರಾಯ್ರೆ, ಇವತ್ತು ಟೂ ಎಬಿಗಾಗಿ ಶಾಲೆಯಲ್ಲಿ ಜಗಳವಾಯಿತು.

ಎ ಪ್ಲಸ್ ಬಿ ಹೋಲ್ ಸ್ಕ್ವೇರ್ ಅಂದರೆ ಎ ಸ್ಕ್ವೇರ್ ಪ್ಲಸ್ ಬಿ ಸ್ಕ್ವೇರ್ ಎಂದು ಪರೀಕ್ಷೆಯಲ್ಲಿ ಬರೆದ ಸುಮತಿಗೆ ನಾನು ಸೊನ್ನೆ ಹಾಕಿದ್ದೆ. ಮಣ್ಣಗುಡ್ಡದಿಂದ ಅವಳ ಸೋದರಮಾವ ಶೆಟ್ರು ಬಂದರು. ಆಸ್ತಿ ತಾಯಿಯ ಕಡೆಯಿಂದ ಇಳಿಯುವ ಅಳಿಯಸಂತಾನದ ಮನೆ. ಅಪ್ಪನಿಗೆ ಅಲ್ಲಿ ಮಾತಿಲ್ಲ, ಆಸ್ತಿಯೆಲ್ಲ ನಾಳೆ ಈ ಹುಡುಗಿಗೇ.

"ಎಂತ ಮಾಷ್ಟ್ರೇ, ಪ್ರಶ್ನೆಯಲ್ಲಿ ಇಲ್ಲದ ಟೂ ಎಬಿ ಉತ್ತರಕ್ಕೆ ಎಲ್ಲಿಂದ ಬಂತು?"

ನಾನು ಅಂಗಳದ ಹೊಯಿಗೆಯಲ್ಲಿ ಚೌಕ ಗೀಚಿದೆ. ಮೀಟರ್ ಅಳತೆ ಈಗಷ್ಟೇ ಬಂದದ್ದು, ಹಾಗಾಗಿ ಗಜದಲ್ಲೇ ಹೇಳಿದೆ. "ಇದು ನಿಮ್ಮ ಜಾಗ, ಎ ಗಜದ ಚೌಕ. ಉದ್ದಕ್ಕೂ ಅಗಲಕ್ಕೂ ಬಿ ಗಜ ಹೆಚ್ಚಿಸಿ ಬೇಲಿ ಹಾಕಿದ್ದೀರಿ. ಸುಮತಿ ಹಳೆಯ ಚೌಕ ಬರೆದಿದ್ದಾಳೆ, ಮೂಲೆಯ ಸಣ್ಣ ಚೌಕವನ್ನೂ ಬರೆದಿದ್ದಾಳೆ. ಎರಡು ಬದಿಯ ಈ ಎರಡು ಪಟ್ಟಿ, ಒಂದೊಂದೂ ಎಬಿ, ಎಲ್ಲುಂಟು?"

ಶೆಟ್ರು ಸುಮತಿಯತ್ತ ತಿರುಗಿದರು. "ಎರಡು ಪಟ್ಟಿ ಜಾಗ ಬಿಟ್ಟುಕೊಟ್ಟು ಬಂದಿದ್ದೀಯಾ ಮಗಳೇ? ಮಾಷ್ಟ್ರೇ, ಇವಳಿಗೆ ಸೊನ್ನೆಯೂ ಜಾಸ್ತಿಯಾಯಿತು!"

ಇಷ್ಟು ದಿನ ಬೋರ್ಡಿನಲ್ಲಿ ಬರೆದು ಒರೆಸಿದ್ದು ಯಾರ ತಲೆಗೂ ಹೋಗಿರಲಿಲ್ಲ. ಬೇಲಿ ಎಂದ ಕೂಡಲೇ ಹೋಯಿತು.

"ಒಳ್ಳೆಯ ಪಾಠ. ನಾಳೆಯೂ ಬಂದು ಕೂರ್ತೇನೆ" ಎಂದು ಶೆಟ್ರು ಖುಷಿಯಲ್ಲಿ ಹೋಗಿದ್ದಾರೆ. ನಾಳೆಯ ಪಾಠ ಎ ಮೈನಸ್ ಬಿ ಹೋಲ್ ಸ್ಕ್ವೇರ್. ಜಾಗ ಕಡಿಮೆಯಾಗುವ ಲೆಕ್ಕ. ನಾನು ರಜೆ ಹಾಕುವುದೇ ಒಳ್ಳೆಯದು.