ಅಕ್ಕನ ಮನೆಯಿಂದ ತಂದ ಬದನೆ ಬೀಜ

ನಾನು ಚಿಕ್ಕವಳಿದ್ದಾಗ ಬದನೆಕಾಯಿ ಎಂದರೆ ಮುಖ ಸಿಂಡರಿಸುವ ಮಕ್ಕಳು ನಮ್ಮ ಮನೆಯಲ್ಲಿ ಇರಲಿಲ್ಲ. ಇದ್ದಿದ್ದರೂ ನಮ್ಮ ತೋಟದ ಗೆರೆಬದನೆಯನ್ನು ಒಂದು ಸಲ ತಿಂದಮೇಲೆ ಅವರ ಮನಸ್ಸು ಬದಲಾಗುತ್ತಿತ್ತು. ನಿಂಬೆಹಣ್ಣಿಗಿಂತ ತುಸು ದೊಡ್ಡದು, ತಿಳಿಹಸಿರು ಮೈ, ಮೈಮೇಲೆ ಸುಣ್ಣದ ಕಡ್ಡಿಯಿಂದ ಎಳೆದಂಥ ಬಿಳಿ ಗೆರೆಗಳು, ತೊಟ್ಟಿನಲ್ಲಿ ಬೆರಳಿಗೆ ಚುಚ್ಚುವ ಮುಳ್ಳು. ಅಮ್ಮ ಅದಕ್ಕೆ ನಾಲ್ಕು ಸೀಳು ಹಾಕಿ, ಹುರಿದ ಹುಚ್ಚೆಳ್ಳಿನ ಪುಡಿ ತುಂಬಿ, ಮಣ್ಣಿನ ಮಡಕೆಯಲ್ಲಿ ಎಣ್ಣೆಗಾಯಿ ಮಾಡುತ್ತಿದ್ದಳು. ಮಡಕೆಯಲ್ಲಿ ಕಾಯಿ ಇಡಿಯಾಗಿಯೇ ಇರುತ್ತಿತ್ತು, ಬಾಯಿಗಿಟ್ಟರೆ ಬೆಣ್ಣೆ. ಬಿಸಿ ಮುದ್ದೆಯ ಜೊತೆ ಅದಿದ್ದರೆ ನಾನು ಎರಡು ಮುದ್ದೆ ಉಣ್ಣುತ್ತಿದ್ದೆ.

ಆಗ ಕೆಂಗೇರಿ ಬೆಂಗಳೂರಿಗೆ ಸೇರಿರಲಿಲ್ಲ. ಅದು ತನ್ನ ಪಾಡಿಗೆ ತಾನು ಒಂದು ಊರು. ಅಪ್ಪನ ತರಕಾರಿ ತೋಟ ವೃಷಭಾವತಿ ಹೊಳೆಯ ದಂಡೆಯಲ್ಲಿತ್ತು. ಮಕ್ಕಳೇ, ಈಗ ನೀವು ಕಾರಿನ ಕಿಟಕಿ ಏರಿಸಿ ಮೂಗು ಮುಚ್ಚಿಕೊಳ್ಳುತ್ತೀರಲ್ಲ, ಅದೇ ವೃಷಭಾವತಿ. ಆಗ ಅದರ ಮರಳನ್ನು ಕೈಯಲ್ಲಿ ಬಗೆದರೆ ತಣ್ಣನೆಯ ನೀರು ಒಸರುತ್ತಿತ್ತು. ನಾವು ಬೊಗಸೆಯಲ್ಲಿ ಎತ್ತಿ ಕುಡಿಯುತ್ತಿದ್ದೆವು.

ಗೆರೆಬದನೆಯ ಬೀಜ ನಮ್ಮ ಮನೆಗೆ ಬಂದದ್ದು ಅಮ್ಮನ ಮದುವೆಯ ಜೊತೆಗೆ. ಅಜ್ಜಿ ಅದನ್ನು ಮಗಳ ಸೆರಗಿಗೆ ಕಟ್ಟಿ ಕಳಿಸಿದ್ದಳಂತೆ. ನನಗೆ ತಿಳಿವಳಿಕೆ ಬರುವ ಹೊತ್ತಿಗೆ ಬೀಜ ಕಾಯುವ ಕೆಲಸ ಅಕ್ಕನದಾಗಿತ್ತು. ಅಕ್ಕ ನನಗಿಂತ ಒಂಬತ್ತು ವರ್ಷ ದೊಡ್ಡವಳು. ಮಾತು ಕಡಿಮೆ, ಕೈ ಮಾತ್ರ ಸುಮ್ಮನಿರುತ್ತಿರಲಿಲ್ಲ. ತೋಟದಲ್ಲಿ ಚೆಂದದ ಕಾಯಿಗಳನ್ನು ಆರಿಸಿ ತೊಟ್ಟಿಗೆ ಹಳೇ ಸೀರೆಯ ಕೆಂಪು ಚೂರು ಕಟ್ಟುತ್ತಿದ್ದಳು. ಅವು ಹಳದಿಯಾಗಿ ಸುಕ್ಕು ಬೀಳುವವರೆಗೆ ಯಾರೂ ಮುಟ್ಟುವಂತಿರಲಿಲ್ಲ. ಆಮೇಲೆ ಕಾಯಿ ಸೀಳಿ ನೀರಿನಲ್ಲಿ ಕಿವುಚಿ, ತೇಲಿದ ಬೀಜ ಚೆಲ್ಲಿ, ಮುಳುಗಿದ ಬೀಜವನ್ನು ಮೊರದಲ್ಲಿ ಹರವಿ ನಾಲ್ಕು ದಿನ ಒಣಗಿಸುತ್ತಿದ್ದಳು. ಒಂದು ಬೀಜ ಹಲ್ಲಿಗಿಟ್ಟು ಕಚ್ಚಿದಾಗ ಕಟ್ ಎಂದರೆ ಒಣಗಿದೆ ಎಂದು ಅರ್ಥ. ಆಗ ಬೂದಿ ಬೆರೆಸಿ, ಬಟ್ಟೆಯಲ್ಲಿ ಗಂಟು ಕಟ್ಟಿ ಒಲೆಯ ಮೇಲಿನ ತೊಲೆಗೆ ತೂಗುಹಾಕುತ್ತಿದ್ದಳು.

ಅಕ್ಕನ ಮದುವೆ ಸುಂಕದಕಟ್ಟೆಗಾಯಿತು. ಅಮ್ಮ ತನ್ನ ಅಮ್ಮ ಮಾಡಿದಂತೆಯೇ ಬೀಜದ ಒಂದು ಗಂಟನ್ನು ಅಕ್ಕನ ಸೆರಗಿಗೆ ಕಟ್ಟಿದಳು. ಅದನ್ನು ಅಕ್ಕನ ಅತ್ತೆ ಕಂಡರು. ಎತ್ತರದ ಆಳು, ಗಟ್ಟಿ ದನಿ. ನೆಂಟರೆಲ್ಲ ಕೇಳುವಂತೆ, "ಯಾಕೆ, ನಮ್ಮೂರಲ್ಲಿ ಬದನೆಕಾಯಿಗೆ ಬರ ಬಂದೈತಾ?" ಎಂದರು. ಕೆಲವರು ನಕ್ಕರು. ಅಮ್ಮನ ಮುಖ ಸಣ್ಣದಾಯಿತು. ಆಮೇಲೆ ಹಬ್ಬಗಳಿಗೆ ಅಕ್ಕ ಬಂದು ಹೋದರೂ ಆ ಬೀಜ ಏನಾಯಿತು ಎಂದು ಅಮ್ಮ ಒಮ್ಮೆಯೂ ಕೇಳಲಿಲ್ಲ. ಅಕ್ಕನೂ ಹೇಳಲಿಲ್ಲ. ಅವರ ಮನೆಯವರು ಅದನ್ನು ಎಲ್ಲೋ ಬಿಸಾಡಿರಬೇಕು ಎಂದೇ ನಾವು ಅಂದುಕೊಂಡೆವು.

ಅಕ್ಕ ಹೋದ ಮರುವರ್ಷ ಬೀಜದ ಕೆಲಸ ಅಮ್ಮ ಮಾಡಿದಳು. ಅದರ ಮರುವರ್ಷ, ನನಗೆ ಒಂಬತ್ತು ತುಂಬಿದಾಗ, ನಾನೇ ಮಾಡುತ್ತೇನೆಂದು ಹಟ ಹಿಡಿದೆ. ಕಿವುಚಿದ್ದು, ತೊಳೆದದ್ದು ಎಲ್ಲ ಸರಿಯಾಗಿಯೇ ಆಯಿತು. ಒಣಹಾಕಿದ ಎರಡನೆಯ ದಿನ ಮಧ್ಯಾಹ್ನ ಕೇರಿಯ ಹುಡುಗಿಯರೆಲ್ಲ ಹುಣಸೆಮರದ ಕೆಳಗೆ ಕುಂಟೆಬಿಲ್ಲೆ ಆಡಲು ಸೇರಿದ್ದರು. ಮೊರದ ಪಕ್ಕ ಕೂತು ಕೋಳಿ ಓಡಿಸುವುದು ನನಗೆ ಬೇಸರವಾಗಿತ್ತು. ಕೈಗೆ ಇನ್ನೂ ತಣ್ಣಗೆ ತಾಗುತ್ತಿದ್ದ ಬೀಜಕ್ಕೆ ಬೂದಿ ಕಲಸಿ, ಗಂಟು ಕಟ್ಟಿ ತೂಗುಹಾಕಿ ಓಡಿದೆ.

ಮುಂಗಾರಿನ ಮೊದಲ ಮಳೆ ಬಿದ್ದಾಗ ಅಪ್ಪ ಗಂಟು ಬಿಚ್ಚಿದ. ಏನೋ ಮುಗ್ಗಲು ವಾಸನೆ ಬಂತು. ಅಪ್ಪ ನನ್ನತ್ತ ನೋಡಿ, ಚೆನ್ನಾಗಿ ಒಣಗಿತ್ತೇನವ್ವ ಎಂದು ಕೇಳಿದ. ಹೂಂ ಎಂದುಬಿಟ್ಟೆ. ಅಪ್ಪ ಸಸಿಮಡಿಯಲ್ಲಿ ಬೀಜ ಚೆಲ್ಲಿ, ಹುಲ್ಲು ಮುಚ್ಚಿ, ದಿನಕ್ಕೆರಡು ಸಲ ನೀರು ಚಿಮುಕಿಸಿದ. ಎಂಟು ದಿನ, ಹತ್ತು ದಿನ, ಹದಿನೈದು ದಿನ. ಮಡಿಯಲ್ಲಿ ಹುಟ್ಟಿದ್ದು ಕಳೆ ಮಾತ್ರ. ಹಳೇ ಗಿಡಗಳನ್ನು ಆಗಲೇ ಕಿತ್ತು ನೆಲ ಹದಮಾಡಿ ಆಗಿತ್ತು. ಗೆರೆಬದನೆ ನಮ್ಮ ಮನೆಯಿಂದ ಹೋಗಿಯೇಬಿಟ್ಟಿತ್ತು. ಬೂದಿಯ ಡಬ್ಬ ತೆಗೆದುಕೊಟ್ಟದ್ದು ತಾನೇ, ಅದರಲ್ಲೇ ತೇವ ಇತ್ತೇನೋ ಎಂದು ಅಮ್ಮ ತನ್ನನ್ನು ತಾನೇ ಬೈದುಕೊಂಡಳು. ನಾನು ಕೇಳಿಸಿಕೊಂಡು ಸುಮ್ಮನಿದ್ದೆ.

ಉಳಿದದ್ದು ಒಂದೇ ದಾರಿ, ಅಕ್ಕನ ಮನೆ, ಅದೂ ಅವರು ಬಿಸಾಡದೆ ಉಳಿಸಿದ್ದರೆ. ಅಮ್ಮ ಬೇಡವೆಂದಳು. ಕೊಟ್ಟದ್ದನ್ನು ಬೀಗರ ಮನೆಗೆ ಹೋಗಿ ಕೇಳುವುದುಂಟೇ, ಅದೂ ಆ ಮಾತು ಆಡಿದವರ ಹತ್ತಿರ? ಅಪ್ಪ ಬಹಳ ಹೊತ್ತು ಯೋಚಿಸಿ, "ಕೇಳಿದ್ರೆ ನಾನು ಸಣ್ಣೋನಾಗ್ತೀನಿ, ಅಷ್ಟೇ ತಾನೆ. ಬೀಜ ಉಳೀತದೆ" ಎಂದ. ಮರುದಿನ ಬೆಳಗ್ಗೆ ಒಂದು ಚೀಲ ನಾಟಿ ಮಾವಿನಹಣ್ಣು ಹೆಗಲಿಗೆ ಹಾಕಿ ಹೊರಟ. ನಾನೂ ಬರುತ್ತೇನೆಂದು ಹಿಂದೆ ಬಿದ್ದೆ.

ಬಸ್ಸು ಹಿಡಿದರೆ ಪೇಟೆಗೆ ಹೋಗಿ ಸುತ್ತಿಕೊಂಡು ಬರಬೇಕಿತ್ತು. ನಾವು ಉಲ್ಲಾಳದ ಕಡೆಯಿಂದ ಕಾಲುದಾರಿಯಲ್ಲಿ ನಡೆದೆವು. ಬಲಗಡೆ, ಈಗ ಜ್ಞಾನಭಾರತಿಯ ಕಟ್ಟಡಗಳಿರುವ ಕಡೆಗೆಲ್ಲ ಬರೀ ಕುರುಚಲು ಗಿಡ, ಅದರೊಳಗೆ ಕೌಜುಗ ಹಕ್ಕಿಗಳ ಕೂಗು. ಮಳೆ ಬಿದ್ದ ಕೆಂಪು ಮಣ್ಣು ಬರಿಗಾಲಿಗೆ ಅಂಟಿ, ಹೆಜ್ಜೆ ಹೆಜ್ಜೆಗೆ ಪಾದ ಭಾರವಾಗುತ್ತಿತ್ತು. ಚೀಲದಿಂದ ಮಾವಿನ ಘಮ ಬರುತ್ತಿತ್ತು. ದಾರಿಯುದ್ದಕ್ಕೂ ನಿಜ ಹೇಳಬೇಕೆಂದು ಬಾಯಿ ತೆರೆಯುತ್ತಿದ್ದೆ, ಅಪ್ಪನ ಬೆನ್ನು ನೋಡಿ ಮುಚ್ಚುತ್ತಿದ್ದೆ. ಮಲ್ಲತ್ತಹಳ್ಳಿ ಕೆರೆ ಏರಿಯ ಮೇಲೆ ಕೂತು ಅಮ್ಮ ಕಟ್ಟಿಕೊಟ್ಟ ರೊಟ್ಟಿ ತಿಂದೆವು.

ಸುಂಕದಕಟ್ಟೆಯ ಹೊರಗೆ ಒಬ್ಬ ಹೆಂಗಸು ತಲೆಯ ಮೇಲೆ ಹುಲ್ಲಿನ ಹೊರೆ ಹೊತ್ತು ಬರುತ್ತಿದ್ದಳು. ಯಾವ ಊರಿನವರು, ಯಾರ ಮನೆಗೆ ಎಂದು ವಿಚಾರಿಸಿದಳು. ಅಪ್ಪ ಹೇಳಿದ. ಅವಳು ಹೊರೆಯನ್ನು ಒಂದು ಕೈಯಲ್ಲಿ ಹಿಡಿದು ಅಪ್ಪನನ್ನು ಮೇಲಿಂದ ಕೆಳಗೆ ನೋಡಿದಳು.

"ಕೆಂಗೇರಿಯವಳ ಅಪ್ಪನಾ ನೀವು? ನಿಮ್ಮ ಮಗಳ ಬದನೆಕಾಯಿ ಇಲ್ಲದೆ ಈಗ ನಮ್ಮೂರಲ್ಲಿ ಒಂದು ಮದುವೇನೂ ನಡೆಯಲ್ಲ ಕಣಣ್ಣ."

ತನ್ನ ಹಿತ್ತಲಲ್ಲೂ ಹತ್ತು ಗಿಡ ಇದೆಯೆಂದೂ, ಸಸಿ ಕೊಟ್ಟದ್ದು ಅಕ್ಕನೇ ಎಂದೂ, ಊರಿನವರೆಲ್ಲ ಅದನ್ನು ಕೆಂಗೇರಿಯವಳ ಬದನೆ ಎಂದೇ ಕರೆಯುತ್ತಾರೆಂದೂ ಹೇಳಿ ಅವಳು ಮುಂದೆ ಹೋದಳು. ಅಪ್ಪ ದಾರಿಯ ಮಧ್ಯದಲ್ಲೇ ನಿಂತುಬಿಟ್ಟ. ಆಮೇಲೆ ಹೆಗಲ ಮೇಲಿನ ವಸ್ತ್ರ ತೆಗೆದು ಮುಖ ಒರೆಸಿಕೊಂಡು, ಕೊಡವಿ, ಮತ್ತೆ ಹೆಗಲಿಗೆ ಹಾಕಿ ನಡೆದ. ಅಪ್ಪ ಅಷ್ಟು ಎದೆಯೆತ್ತಿ ನಡೆದದ್ದನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ.

ಅಕ್ಕನ ಮನೆಯ ಹಿಂದೆ ಎತ್ತು ಕಟ್ಟಿ ನೀರೆತ್ತುವ ಕಪಿಲೆ ಬಾವಿ. ಬಾವಿಯ ನೀರು ಹರಿಯುವ ಕಾಲುವೆಯ ಎರಡೂ ಬದಿ ಗೆರೆಬದನೆ. ಕಳೆದ ವರ್ಷದ ಗಿಡಗಳನ್ನೇ ಕತ್ತರಿಸಿ ಚಿಗುರಿಸಿದ್ದಳು. ನೇರಳೆ ಹೂವಿನ ನಡುವೆ ಜೋಡಿ ಜೋಡಿಯಾಗಿ ಕಾಯಿ ಜೋತಾಡುತ್ತಿದ್ದವು. ಅಕ್ಕ ಕಳೆ ಕೀಳುತ್ತಿದ್ದವಳು ಮಣ್ಣುಗೈಯಲ್ಲೇ ಓಡಿಬಂದು ನನ್ನನ್ನು ತಬ್ಬಿಕೊಂಡಳು. ಅವಳ ಸೀರೆಯಲ್ಲಿ ಬದನೆ ಎಲೆಯ ವಾಸನೆ ಇತ್ತು. ನಮ್ಮ ತೋಟದ್ದೇ ವಾಸನೆ.

ಮಧ್ಯಾಹ್ನದ ಊಟಕ್ಕೆ ಎಣ್ಣೆಗಾಯಿಯೇ. ಅಕ್ಕನ ಅತ್ತೆ ತಾವೇ ಮುಂದೆ ನಿಂತು ಬಡಿಸಿದರು. ಅಪ್ಪ ಮಳೆಯ ಮಾತಾಡಿದ, ದನಗಳ ಮಾತಾಡಿದ, ಎಲೆ ಅಡಿಕೆ ಹಾಕಿಕೊಂಡ. ಬೀಜದ ಮಾತು ಮಾತ್ರ ಬರಲಿಲ್ಲ. ಮಗಳು ಊರಿಗೆಲ್ಲ ಹಂಚುವಷ್ಟು ಬೆಳೆಸಿದ್ದನ್ನು ತವರಿನವರು ಉಳಿಸಿಕೊಳ್ಳಲಿಲ್ಲ ಎಂದು ಯಾವ ಬಾಯಲ್ಲಿ ಹೇಳುವುದು? ಬಿಸಿಲು ಇಳಿಯಿತು. ಅಪ್ಪ ಖಾಲಿ ಚೀಲ ಮಡಚಿ ಎದ್ದು ನಿಂತು, "ಹೊರಡ್ತೀವಿ ತಾಯಿ, ಮಗಳನ್ನ ನೋಡ್ದಂಗಾಯ್ತು" ಎಂದ.

ಅಷ್ಟು ದೂರ ನಡೆದು ಬರಿಗೈಯಲ್ಲಿ ಹೋಗುತ್ತೇವೆ ಎಂದು ಆಗ ನನಗೆ ಅರ್ಥವಾಯಿತು. ಜಗುಲಿಯ ಕಂಬ ಹಿಡಿದುಕೊಂಡು ಹೇಳಿಬಿಟ್ಟೆ.

"ನಮ್ಮನೇಲಿ ಬೀಜ ಹಾಳಾಗೋಯ್ತು. ಹಾಳು ಮಾಡಿದ್ದು ನಾನು. ಒಣಗದೆ ಕಟ್ಟಿಟ್ಟೆ, ಒಣಗೈತೆ ಅಂತ ಸುಳ್ಳು ಹೇಳ್ದೆ. ಅಪ್ಪಂದೇನೂ ತಪ್ಪಿಲ್ಲ, ಅಮ್ಮಂದೂ ಇಲ್ಲ."

ಅಪ್ಪ ನನ್ನನ್ನೇ ನೋಡುತ್ತಿದ್ದ. ಅಕ್ಕ ಬಾಗಿಲಲ್ಲಿ ಸೆರಗಿನ ತುದಿ ಹಿಡಿದು ನಿಂತಿದ್ದಳು. ಅಕ್ಕನ ಅತ್ತೆ ಒಳಗೆ ಹೋದರು. ಸಿಟ್ಟಾಗಿಯೇ ಹೋದರೆಂದು ನಾನು ಅಳಲು ಶುರುಮಾಡಿದೆ. ಸ್ವಲ್ಪ ಹೊತ್ತಿಗೆ ಅವರು ಒಂದು ಮೊರ ಹಿಡಿದು ಬಂದರು. ಮೊರದಲ್ಲಿ ಎರಡು ಸೇರು ರಾಗಿ, ರಾಗಿಯ ಮೇಲೆ ವೀಳ್ಯದೆಲೆ, ಎಲೆಯ ಮೇಲೆ ಬೂದಿ ಬಣ್ಣದ ಪುಟ್ಟ ಗಂಟು. ಬೀಜವನ್ನು ಬರಿದಾಗಿ ಕೊಡಬಾರದು ಎಂದರು. ಆಮೇಲೆ ಅಪ್ಪನ ಮುಂದೆ ಮೊರ ಹಿಡಿದು, ಆ ಗಟ್ಟಿ ದನಿಯನ್ನು ತಗ್ಗಿಸಿ ಹೇಳಿದರು.

"ಮದುವೆ ದಿನ ನಾನೊಂದು ಮಾತಂದಿದ್ದೆ ಬೀಗರೇ. ಮೊದಲನೇ ಬೆಳೆ ತಿಂದಾಗಲೇ ನಾಚಿಕೆ ಆಗಿತ್ತು, ಹೇಳೋಕೆ ಬಾಯಿ ಬಂದಿರಲಿಲ್ಲ. ಈ ಮಗು ಹೇಳ್ದಂಗೆ ನಾನೂ ಈಗ ಹೇಳ್ತೀನಿ. ಆ ಮಾತು ನಾನು ವಾಪಸ್ ತಗೊಂಡೆ, ಬೀಜ ನೀವು ತಗೊಳ್ಳಿ."

ಅಪ್ಪ ಎರಡೂ ಕೈಯಲ್ಲಿ ಮೊರ ತೆಗೆದುಕೊಂಡ. ಅವನ ಕಣ್ಣು ಬಾಗಿಲಲ್ಲಿದ್ದ ಅಕ್ಕನ ಕಡೆಗಿತ್ತು. ನಾಲ್ಕನೆಯ ತರಗತಿಗೆ ಶಾಲೆ ಬಿಟ್ಟ ಹುಡುಗಿ, ಹೊಸ ಊರಿನಲ್ಲಿ ಯಾರ ಜೊತೆಯೂ ವಾದಿಸದೆ, ಗೆರೆ ಗೆರೆಯ ಪುಟ್ಟ ಕಾಯಿಯಿಂದ ತನ್ನ ತವರಿಗೆ ಹೆಸರು ತಂದಿದ್ದಳು. ಅಪ್ಪ ಅವಳಿಗೆ ಹೇಳಿದ್ದು ಇಷ್ಟೇ: "ಚೆನ್ನಾಗಿ ಕಾಯ್ಕೊಂಡಿದೀಯ ಕಣವ್ವ." ಅಕ್ಕ ತಲೆ ತಗ್ಗಿಸಿ ನಕ್ಕಳು. ಎಷ್ಟು ವರ್ಷವಾದರೂ ಆ ನಗು ನನ್ನ ಕಣ್ಣಿನಿಂದ ಹೋಗಿಲ್ಲ.

ವಾಪಸು ಬರುವಾಗ ತುಂತುರು ಹಿಡಿಯಿತು. ಅಪ್ಪ ಬೀಜದ ಗಂಟನ್ನು ತಲೆಯ ರುಮಾಲಿನ ಒಳಮಡಿಕೆಯಲ್ಲಿ ಸಿಕ್ಕಿಸಿಕೊಂಡ. ನನ್ನನ್ನು ಬೈಯುತ್ತಾನೆಂದು ಕಾದೆ. ಉಲ್ಲಾಳ ದಾಟಿದ ಮೇಲೆ, ಮುಂದಿನ ಸಲವೂ ಬೀಜ ನೀನೇ ಮಾಡಬೇಕು ಎಂದ, ಅಷ್ಟೇ. ಎದುರಿಗೆ ಸಿಕ್ಕ ಗುರುತಿನವರಿಗೆಲ್ಲ ಮಗಳ ಊರಿನಿಂದ ಬೀಜ ತರುತ್ತಿದ್ದೇನೆ ಎಂದು ಕೇಳದಿದ್ದರೂ ಹೇಳುತ್ತ ಬಂದ. ಬಿತ್ತಿದ ಎಂಟನೆಯ ದಿನ ಮಡಿಯ ಮೇಲಿನ ಹುಲ್ಲು ಸರಿಸಿದರೆ, ಕೊಕ್ಕೆಯ ಹಾಗೆ ಕತ್ತು ಬಗ್ಗಿಸಿಕೊಂಡು ಮಣ್ಣಿನಿಂದ ಏಳುತ್ತಿದ್ದ ಮೊಳಕೆಗಳು, ಲೆಕ್ಕವಿಲ್ಲದಷ್ಟು. ಅಮ್ಮನನ್ನು ಕೂಗಿ ಕರೆದವಳು ನಾನು.

ಈಗ ಅಪ್ಪನ ತೋಟವಿದ್ದ ಜಾಗದಲ್ಲಿ ಅಂಗಡಿಗಳ ಸಾಲಿದೆ. ನಾವಿರುವುದು ಕೆಂಗೇರಿ ಉಪನಗರದ ನಾಲ್ಕನೆಯ ಮಹಡಿಯಲ್ಲಿ. ಅಂದು ಅರ್ಧ ದಿನ ನಡೆದ ದಾರಿಯನ್ನು ನೀವು ಸ್ಕೂಟರಿನಲ್ಲಿ ಕೂತು ಒಂದು ಹಾಡು ಮುಗಿಯುವುದರೊಳಗೆ ಬಂತಾ ಎಂದು ಕೇಳುತ್ತೀರಿ. ಫೋನಿನಲ್ಲಿ ಬೆರಳಾಡಿಸಿದರೆ ತರಕಾರಿ ಬಾಗಿಲಿಗೆ ಬರುತ್ತದೆ. ಎಲ್ಲ ಕಾಯಿಯೂ ಒಂದೇ ಅಳತೆ, ಒಂದೇ ಹೊಳಪು. ಅದು ಯಾವ ಊರಿನದು, ಯಾರು ಬೆಳೆದದ್ದು ಎಂದು ಕೇಳಿದರೆ ಹೇಳುವವರಿಲ್ಲ. ನಿಮಗೆ ಕುಡಿಯುವಂಥ ಹೊಳೆಯನ್ನು ನಾವು ಉಳಿಸಿಕೊಡಲಿಲ್ಲ. ಆ ತಪ್ಪನ್ನೂ ಒಪ್ಪಿಕೊಳ್ಳುತ್ತೇನೆ.

ಆದರೆ ನಮಗಿರದಿದ್ದ ಒಂದು ಭಾಗ್ಯ ನಿಮಗಿದೆ. ನಮ್ಮ ಕಾಲದಲ್ಲಿ ಪಕ್ಕದ ಊರೇ ದೂರವಾಗಿತ್ತು. ನೀವಿರುವ ಒಂದೇ ಕಟ್ಟಡದಲ್ಲಿ ಇಡೀ ಕರ್ನಾಟಕ ಬಂದು ಕೂತಿದೆ. ನಮ್ಮ ಟೆರೇಸಿನ ಗೋಣಿಚೀಲಗಳಲ್ಲಿ ಬೆಳೆದ ಗೆರೆಬದನೆಯನ್ನು ಹಿಡಿದು, ಆರನೆಯ ತರಗತಿಯ ನನ್ನ ಮೊಮ್ಮಗಳು ಮೂರು ತಿಂಗಳ ಹಿಂದೆ ಕೆಳಗಿನ ಮನೆಗೆ ಹೋದಳು. ಅವರು ಬಾಗಲಕೋಟೆ ಕಡೆಯವರು. ಕಾಯಿ ನೋಡಿ ಆ ಮನೆಯ ಆಂಟಿ, "ನಮ್ಮ ಕಡೆ ಇದಕ್ಕ ಮುಳಗಾಯಿ ಅಂತೀವಿ, ನಮ್ಮವ್ವನ ಹೊಲದಾಗ ಬ್ಯಾರೆ ಥರದ್ದು ಅದಾವ" ಎಂದರಂತೆ. ಹಾಗಾದರೆ ಅದರ ಬೀಜ ನನಗೂ ಬೇಕು ಎಂದು ಇವಳು ನಾಚಿಕೆಯಿಲ್ಲದೆ ಕೇಳಿಬಂದಿದ್ದಾಳೆ. ಊರಿಗೆ ಹೋದ ಆಂಟಿ ಹಿಂದಿರುಗುವಾಗ ಮರೆಯದೆ ತಂದರು.

ಈಗ ಎರಡೂ ಜಾತಿ ನಮ್ಮ ಟೆರೇಸಿನಲ್ಲಿವೆ. ಮೊನ್ನೆ ನಾನು ಹೊಸ ಸಸಿಯ ಚೀಲಗಳನ್ನು ಹಳೆಯದರ ಪಕ್ಕದಲ್ಲೇ ಇಡಲು ಹೋದೆ. ಮೊಮ್ಮಗಳು ತಡೆದಳು. ಜೇನುಹುಳ ಒಂದರ ಪರಾಗವನ್ನು ಇನ್ನೊಂದಕ್ಕೆ ಮುಟ್ಟಿಸಿದರೆ ಬೀಜ ಬೆರಕೆಯಾಗುತ್ತದಂತೆ, ತಳಿ ಶುದ್ಧವಾಗಿರಬೇಕಾದರೆ ಬೀಜಕ್ಕೆ ಬಿಡುವ ಹೂವಿಗೆ ಅರಳುವ ಮೊದಲೇ ತೆಳುಬಟ್ಟೆಯ ಚೀಲ ಕಟ್ಟಬೇಕಂತೆ. ಎಲ್ಲೋ ಓದಿಕೊಂಡಿದ್ದಾಳೆ. ಅರವತ್ತು ವರ್ಷ ಬದನೆ ಬೆಳೆದ ನನಗೆ ಅದು ಗೊತ್ತಿರಲಿಲ್ಲ. ಚೀಲಗಳನ್ನು ಎತ್ತಿ ಅವಳು ತೋರಿಸಿದ ಆ ತುದಿಗೆ ಇಟ್ಟೆ, ಆಮೇಲೆ ಹೂವಿಗೆ ಬಟ್ಟೆ ಹೇಗೆ ಕಟ್ಟುವುದೆಂದು ಅವಳ ಪಕ್ಕದಲ್ಲಿ ಕೂತು ಕಲಿತೆ.