ಇಂಟರ್ವಲ್‌ಗೆ ಮುಂಚೆ ಸಾಯುತ್ತಿದ್ದ ಮಾವ

ಎತ್ತಿನಂಥ ಕತ್ತು, ಮೂಗಿನ ಮೇಲೆ ಕೂಡಿಕೊಂಡ ಹುಬ್ಬು. ಮಧುಗಿರಿ ಬಸ್‌ಸ್ಟ್ಯಾಂಡಿನಲ್ಲಿ ಅವರು ಪಕ್ಕಕ್ಕೆ ಬಂದು ಕೂತರೆ ಹೊಸಬರು ಬ್ಯಾಗನ್ನು ಮಡಿಲಿಗೆಳೆದುಕೊಳ್ಳುತ್ತಿದ್ದರು. ನಮ್ಮ ಪಕ್ಕದ ಮನೆಯವರು. ಅಮ್ಮ ಅಣ್ಣ ಎನ್ನುತ್ತಿದ್ದಳು, ಹಾಗಾಗಿ ನನಗೆ ಮಾವ.

ಆ ಮುಖವೇ ಅವರಿಗೆ ಅನ್ನ ಹಾಕಿತು. ಇಪ್ಪತ್ತು ವರ್ಷ ರೌಡಿ ಸಿನಿಮಾಗಳಲ್ಲಿ ವಿಲನ್ ಹಿಂದೆ ನಿಂತರು, ಹೀರೋ ಕೈಲಿ ಒದೆ ತಿಂದರು, ಇಂಟರ್ವಲ್‌ಗೆ ಮುಂಚೆ ಸತ್ತರು. ಮಾತು ಒಂದೂ ಇರುತ್ತಿರಲಿಲ್ಲ. ಮನೆಯಲ್ಲಿ ಹಲ್ಲಿ ಕಂಡರೆ ಕುರ್ಚಿ ಹತ್ತುತ್ತಿದ್ದ ಈ ಮನುಷ್ಯ ಅಂಗಳದಲ್ಲಿ ಗೋಣಿಚೀಲ ಹಾಸಿ ಬೀಳುವುದನ್ನು ಅಭ್ಯಾಸ ಮಾಡುತ್ತಿದ್ದರು. "ಒದೆಯೋನ್ಗೇನವ್ವ ಕಷ್ಟ? ಬೀಳೋನು ಸರ್ಯಾಗ್ ಬಿದ್ರೆ ತಾನೆ ಅವ್ನು ಹೀರೋ!"

ಕೊನೆಗೊಮ್ಮೆ ಮಾತು ಸಿಕ್ಕಿತು. ಸಾಯುವ ಮುಂಚಿನ ನಾಲ್ಕು ಸಾಲು. ಶೂಟಿಂಗೂ ನಮ್ಮ ಬೆಟ್ಟದ ಕೋಟೆಯಲ್ಲೇ. ನಾನಾಗ ಚೊಚ್ಚಲ ಹೆರಿಗೆಗೆ ತವರಿಗೆ ಬಂದಿದ್ದೆ. ಹದಿನೈದು ದಿನ ಗೋಡೆಯಾಚೆಯಿಂದ ಕೇಳಿ ಕೇಳಿ ಆ ಸಾಲುಗಳು ನನಗೂ ಬಾಯಿಪಾಠವಾಗಿದ್ದವು.

ಶೂಟಿಂಗಿನ ದಿನ ಬೆಳಿಗ್ಗೆಯೇ ನನಗೆ ನೋವು ಶುರುವಾಯಿತು, ದಿನ ತುಂಬುವ ಮೊದಲೇ. ಗಂಡ ತಿರುಮಣಿಯ ಸೋಲಾರ್ ಪಾರ್ಕಿನ ಕೆಲಸದಲ್ಲಿದ್ದರು. ಅಮ್ಮ ಓಡಿ ನೋಡಿದರೆ ಆಟೋದವರೆಲ್ಲ ಶೂಟಿಂಗ್ ನೋಡಲು ಬೆಟ್ಟದ ಬುಡದಲ್ಲಿ. ಅಮ್ಮ ಅಲ್ಲಿಗೇ ಓಡಿದಳು. ಬಣ್ಣ ಹಚ್ಚಿಸಿಕೊಂಡು ಕೂತಿದ್ದ ಮಾವ ಅವಳ ಮುಖ ಕಂಡವರೇ ಎದ್ದರಂತೆ.

"ಮುಂದಿನ ಶಾಟ್ ನಿಮ್ದೇ. ಹೋದ್ರೆ ಬೇರೆಯವ್ರನ್ನ ಹಾಕ್ತೀವಿ," ಎಂದನಂತೆ ಮ್ಯಾನೇಜರ್.

"ಹಾಕ್ಕಳಿ ಸ್ವಾಮಿ. ನಮ್ ಹುಡ್ಗಿಗೆ ನೋವು ಬಂದೈತೆ."

ಒಬ್ಬ ಆಟೋದವನನ್ನು ಎಳೆದುಕೊಂಡೇ ಮನೆಗೆ ಬಂದರು. ಆಸ್ಪತ್ರೆ ಬಾಗಿಲಲ್ಲಿ ನರ್ಸಮ್ಮ ನನ್ನನ್ನು ಬಿಟ್ಟು ಸ್ಟ್ರೆಚರನ್ನು ಅವರತ್ತ ತಳ್ಳಿದಳು. ಹಣೆಯಿಂದ ಎದೆತನಕ ರಕ್ತ, ಹೊಟ್ಟೆಯಲ್ಲಿ ನೆಟ್ಟ ರಬ್ಬರ್ ಚಾಕು!

"ಅಯ್ಯೋ, ಮೊದ್ಲು ಮಲಕ್ಕಳಿ ನೀವು!"

"ನಂದು ಬಣ್ಣ ಕಣಮ್ಮ! ಆ ಹುಡ್ಗೀನ್ ನೋಡ್ರಮ್ಮ!"

ಆ ನೋವಿನಲ್ಲೂ ನಾನು ನಕ್ಕುಬಿಟ್ಟೆ. ಇನ್ನು ಸ್ವಲ್ಪ ತಡವಾಗಿದ್ದರೆ ಮಗು ಉಳಿಯುತ್ತಿರಲಿಲ್ಲ ಎಂದು ಡಾಕ್ಟರ್ ಆಮೇಲೆ ಹೇಳಿದರು.

ಆ ನಾಲ್ಕು ಸಾಲು ಬೇರೊಬ್ಬನ ಪಾಲಾದವು. ಸಿನಿಮಾ ಬಂದಾಗ ಮಾವನೇ ನಮ್ಮನ್ನು ಕರೆದುಕೊಂಡು ಹೋದರು. "ಬೇಜಾರಾಗಲ್ವಾ ಮಾವ?" ಎಂದೆ.

"ಆಗ್ದೆ ಏನವ್ವ? ಅವ್ನು ಸಾಯೋದ್ ನೋಡು, ನಿದ್ದೆ ಬಂದೋನಂಗೆ ಸಾಯ್ತಾವ್ನೆ. ನಾನಾಗಿದ್ರೆ ಚೆಂದಾಗ್ ಸಾಯ್ತಿದ್ದೆ," ಎಂದು ಮಡಿಲಲ್ಲಿದ್ದ ನನ್ನ ಮಗಳ ಕಿವಿ ಮುಚ್ಚಿದರು. ಮುಂದೆ ಬಾಂಬ್ ಸೀನ್ ಇತ್ತು.

ಹೋದ ವರ್ಷ, ಮಧ್ಯಾಹ್ನ ಉಂಡು ಮಲಗಿದವರು ಏಳಲಿಲ್ಲ.

ಹೊಡೆದಾಟದ ಸಿನಿಮಾ ಎಂದರೆ ಮುಖ ತಿರುಗಿಸುತ್ತಿದ್ದ ಅಮ್ಮ ಈಗ ಮೊಮ್ಮಗಳ ಕೈಲಿ ಮೊಬೈಲಿನಲ್ಲಿ ಅವರ ಹಳೇ ಸಿನಿಮಾ ಹಾಕಿಸಿಕೊಳ್ಳುತ್ತಾಳೆ. ವಿಲನ್ ಹಿಂದೆ ಮಾವ ಕೈಕಟ್ಟಿ ನಿಂತಿರುತ್ತಾರೆ. ಹೀರೋ ಜೀಪಿನಿಂದ ಇಳಿಯುತ್ತಿದ್ದಂತೆ ಅಮ್ಮನಿಗೆ ಅವಸರ.

"ಅಲ್ಲಿಗೆ ನಿಲ್ಸವ್ವ. ಇನ್ಮುಂದಕ್ಕೆ ಅಣ್ಣಂಗೆ ಹೊಡೀತಾರೆ."